ಬಾಡಿಗೆ ಕೊಡುವವರು ಯಾರು?

ಹೋಟೆಲಿನ ಬೆಳಗಿನ ನೂಕುನುಗ್ಗಲು ಮುಗಿದ ಮೇಲೆ, ಒಂಬತ್ತೂವರೆಗೆ, ಪದ್ಮನಾಭ ಐತಾಳರು ಮನೆಗೆ ಬಂದು ಇಸ್ತ್ರಿ ಮಾಡಿದ ಬಿಳಿ ಅಂಗಿ ಹಾಕಿಕೊಂಡರು. ಕನ್ನಡಿಯ ಮುಂದೆ ನಿಂತು ಹುಬ್ಬು ಗಂಟಿಕ್ಕಿ ನೋಡಿದರು. ಸಾಲದು ಅನ್ನಿಸಿತು. ಇನ್ನೊಂದು ಸಲ ಗಂಟಿಕ್ಕಿದರು.

“ಸರಸ್ವತೀ, ಕೇಳು. ಇವತ್ತು ಆ ಭರತೇಶನನ್ನು ಖಾಲಿ ಮಾಡಿಸದೆ ನಾನು ಈ ಮನೆಯ ಮೆಟ್ಟಿಲು ಹತ್ತುವುದಿಲ್ಲ!”

ಸರಸ್ವತಿಯವರು ಅಡುಗೆಮನೆಯ ಬಾಗಿಲಲ್ಲಿ ಕೂತು ತೊಂಡೆಕಾಯಿ ಹೆಚ್ಚುತ್ತಿದ್ದರು. ತಲೆ ಎತ್ತಲಿಲ್ಲ.

“ಮೆಟ್ಟಿಲನ್ನು ಹೇಗೂ ಮೂವತ್ತೊಂದಕ್ಕೆ ಒಡೀತಾರೆ. ಬೇಗ ಬನ್ನಿ.”

ಮಾತು ಸುಳ್ಳಲ್ಲ. ಸೂರತ್ತಿನ ನಾನ್‌ಪುರಾದ ಆ ಮೂರಂತಸ್ತಿನ ಹಳೇ ಕಟ್ಟಡದಲ್ಲಿ ಐತಾಳರ ಸಂಸಾರ ಹತ್ತೊಂಬತ್ತು ವರ್ಷದಿಂದ ಬಾಡಿಗೆಗಿತ್ತು. ಹೋಟೆಲಿಗೆ ನಡೆದರೆ ಐದು ನಿಮಿಷ. ಈಗ ಕಟ್ಟಡದ ಮಾಲೀಕರು ಅದನ್ನು ಬಿಲ್ಡರ್ ಒಬ್ಬರಿಗೆ ಕೊಟ್ಟಾಗಿತ್ತು. ಮೇ ಮೂವತ್ತೊಂದರೊಳಗೆ ಎಲ್ಲರೂ ಮನೆ ಬಿಡಬೇಕೆಂಬ ನೋಟಿಸು ಮೆಟ್ಟಿಲ ಗೋಡೆಗೆ ಅಂಟಿತ್ತು. ಉಳಿದ ಐದು ಮನೆಯವರು ಹೊಸ ಬಾಡಿಗೆ ಮನೆಗಾಗಿ ಬಿಸಿಲಲ್ಲಿ ಊರೆಲ್ಲ ಅಲೆಯುತ್ತಿದ್ದರು. ಐತಾಳರು ಮಾತ್ರ ಆ ನೋಟಿಸಿನ ಪಕ್ಕ ನಿಂತು, ಹತ್ತಿ ಇಳಿಯುವವರಿಗೆಲ್ಲ ಹೇಳುತ್ತಿದ್ದರು: “ನಮಗೆಂತ ಚಿಂತೆ? ಅಡಾಜಣ್‌ನಲ್ಲಿ ಸ್ವಂತ ಫ್ಲ್ಯಾಟ್ ಉಂಟು! ಎರಡು ಬೆಡ್‌ರೂಮು. ಲಿಫ್ಟು. ಬಾಲ್ಕನಿಯಲ್ಲಿ ನಿಂತರೆ ತಾಪಿ ನದಿಯ ಗಾಳಿ!”

ಫ್ಲ್ಯಾಟ್ ಇದ್ದದ್ದು ನಿಜ. ತಾಪಿಯ ಗಾಳಿಯೂ ನಿಜ. ಸದ್ಯಕ್ಕೆ ಅದನ್ನು ಸೇವಿಸುತ್ತಿದ್ದವನು ಭರತೇಶ್ ಪಾಟೀಲ.

ಭರತೇಶ ಬೆಳಗಾವಿ ಕಡೆಯ ಜೈನರ ಹುಡುಗ. ಇಪ್ಪತ್ತಾರು ವರ್ಷ. ಊರ ಹೊರಗಿನ ಸಚಿನ್ ಎಂಬ ಕೈಗಾರಿಕಾ ಪ್ರದೇಶದಲ್ಲಿ ಬಟ್ಟೆಗೆ ಬಣ್ಣ ಹಾಕುವ ಮಿಲ್ಲೊಂದರ ಲ್ಯಾಬಿನಲ್ಲಿ ಕೆಲಸ. ಕಳೆದ ಆಗಸ್ಟಿನಲ್ಲಿ ಐತಾಳರ ಫ್ಲ್ಯಾಟಿಗೆ ಬಂದ. ಆರು ತಿಂಗಳು ಒಂದನೇ ತಾರೀಕಿಗೇ ಬಾಡಿಗೆ ಕೊಟ್ಟ. ಫೆಬ್ರವರಿಯಿಂದ ಕೊಟ್ಟಿಲ್ಲ. ಐತಾಳರು ಮೂರು ಸಲ ಹೋಗಿ ಕೇಳಿ ಬಂದಿದ್ದರು. ಕೇಳಿದ್ದರೋ ಇಲ್ಲವೋ, ಹೋಗಿ ಬಂದದ್ದಂತೂ ಹೌದು.

“ಹೋದ ಸಲ ಹೀಗೇ ಅಂಗಿ ಹಾಕಿಕೊಂಡು ಹೋಗಿ ಅವನ ನಳ್ಳಿ ರಿಪೇರಿ ಮಾಡಿಸಿ ಬಂದಿರಿ,” ಎಂದರು ಸರಸ್ವತಿ.

“ಅದು ನನ್ನದೇ ಮನೆಯ ನಳ್ಳಿ ಮಾರಾಯ್ತಿ!”

“ಅದರ ಹಿಂದಿನ ಸಲ ಅವನಿಗೆ ಜ್ವರ ಅಂತ ನನ್ನ ಹತ್ತಿರ ಗಂಜಿ ಮಾಡಿಸಿ ಕಳಿಸಿದಿರಿ.”

“ಜ್ವರದಲ್ಲಿ ಮಲಗಿದವನ ಹತ್ತಿರ ಬಾಡಿಗೆ ಕೇಳುವುದಾ?”

“ಅದಕ್ಕೂ ಹಿಂದೆ...”

“ಸಾಕು! ಇವತ್ತು ಹಾಗಲ್ಲ. ಇವತ್ತು ಕಾನೂನು!”

ಐತಾಳರು ಕಪಾಟು ತೆಗೆದು ಪ್ಲಾಸ್ಟಿಕ್ ಕವರಿನಲ್ಲಿದ್ದ ಬಾಡಿಗೆ ಕರಾರುಪತ್ರವನ್ನು ಹೊರತೆಗೆದರು. ದೇವರ ಪಟ ಒರೆಸುವ ಹಾಗೆ ಅದನ್ನು ಒಮ್ಮೆ ಒರೆಸಿದರು. ಆ ಪತ್ರದ ಬಗ್ಗೆ ಅವರಿಗೆ ಇದ್ದ ಹೆಮ್ಮೆ ಫ್ಲ್ಯಾಟಿನ ಬಗ್ಗೆಯೂ ಇರಲಿಲ್ಲ. ಯಾಕೆಂದರೆ ಫ್ಲ್ಯಾಟನ್ನು ಬೇರೆ ಯಾರೋ ಕಟ್ಟಿದ್ದರು. ಪತ್ರವನ್ನು ಅವರೇ ತುಂಬಿದ್ದರು. ಗುಜರಾತಿಯಲ್ಲಿ!

ಗುಜರಾತಿ ಐತಾಳರಿಗೆ ಸುಮ್ಮನೆ ಬಂದದ್ದಲ್ಲ. ಇಪ್ಪತ್ತಾರು ವರ್ಷದ ಹಿಂದೆ ಕೋಟದಿಂದ ಬಂದು ಚಿಕ್ಕಪ್ಪನ ಹೋಟೆಲಿನಲ್ಲಿ ಬಡಿಸಲು ನಿಂತ ಮೊದಲ ದಿನ, ಗಿರಾಕಿಯೊಬ್ಬರು ಉಣ್ಣುತ್ತಾ ತಲೆಯಾಡಿಸಿ “ಸಾರು, ಸಾರು” ಅಂದರು. ಐತಾಳರು ಓಡಿ ಹೋಗಿ ಸಾರು ತಂದು ಬಡಿಸಿದರು. ಗಿರಾಕಿ ಇನ್ನಷ್ಟು ಸಂತೋಷಪಟ್ಟು “ಬಹು ಸಾರು!” ಅಂದರು. ಐತಾಳರು ಮತ್ತೆ ಎರಡು ಸೌಟು ಸುರಿದರು. ಗುಜರಾತಿಯಲ್ಲಿ ಸಾರು ಎಂದರೆ ‘ಚೆನ್ನಾಗಿದೆ’ ಎಂದು ಗೊತ್ತಾಗುವ ಹೊತ್ತಿಗೆ ಆ ತಟ್ಟೆಯಲ್ಲಿ ಕೆರೆ ತುಂಬಿ ಕೋಡಿ ಹರಿದಿತ್ತು.

ಈ ಕಥೆಯನ್ನು ಐತಾಳರೇ ಎಲ್ಲರಿಗೂ ಹೇಳುತ್ತಾರೆ. ಕೊನೆಗೆ ತಪ್ಪದೆ ಒಂದು ಮಾತು ಸೇರಿಸುತ್ತಾರೆ: “ಅದೇ ಕೊನೆ. ಆಮೇಲೆ ಗುಜರಾತಿಯ ಒಂದೇ ಒಂದು ಶಬ್ದ ನನಗೆ ಮೋಸ ಮಾಡಿದ್ದಿಲ್ಲ.” ಈ ಮಾತಿನ ಬಗ್ಗೆ ಮನೆಯಲ್ಲಿ ಎರಡು ಅಭಿಪ್ರಾಯಗಳಿದ್ದವು. ಒಂದು ಐತಾಳರದು. ಇನ್ನೊಂದು ಮಗಳು ಸೌಮ್ಯಾಳದು.

ಸೌಮ್ಯಾ ಸೂರತ್ತಿನಲ್ಲೇ ಹುಟ್ಟಿ ಬೆಳೆದವಳು. ಬಿ.ಕಾಂ. ಕೊನೆಯ ವರ್ಷ. ಗುಜರಾತಿಯನ್ನು ನೀರು ಕುಡಿದಂತೆ ಓದಿ ಬರೆಯುತ್ತಾಳೆ. ಕನ್ನಡ ಮಾತ್ರ ಕುಂಟುತ್ತದೆ. ಅವಳು “ಪಪ್ಪಾ, ನಾನು ಕಾಲೇಜ್ ಹೋಗ್ತೇನೆ” ಅಂದರೆ ಐತಾಳರು ಇಡ್ಲಿ ತಟ್ಟೆ ಕೆಳಗಿಡುತ್ತಾರೆ. “ಕಾಲೇಜಿಗೆ! ಕಾಲೇಜಿ-ಗೆ! ಆ ‘ಗೆ’ ಎಲ್ಲಿ ಹೋಯಿತು? ‘ಗೆ’ ನುಂಗಬೇಡ ಅಂತ ಎಷ್ಟು ಸಲ ಹೇಳುವುದು?”

ಆಗಸ್ಟಿನಲ್ಲಿ ಭರತೇಶನಿಗೆ ಮನೆ ಕೊಡುವಾಗ ದಲ್ಲಾಳಿಯೊಬ್ಬ ಕರಾರುಪತ್ರ ಬರೆದುಕೊಡಲು ಬಂದಿದ್ದ. “ಗುಜರಾತಿ ಬಾರದವರನ್ನು ಹುಡುಕು, ಹೋಗು!” ಎಂದು ಐತಾಳರು ಅವನನ್ನು ಸಾಗಹಾಕಿದರು. ಅಚ್ಚು ಹಾಕಿದ ಫಾರಂ ತಂದರು. ಹೋಟೆಲಿನ ಗಲ್ಲಾದ ಮೇಲಿಟ್ಟುಕೊಂಡು, ಎರಡು ಮಸಾಲೆ ದೋಸೆಗಳ ಬಿಲ್ಲಿನ ನಡುವೆ, ನೀಲಿ ಪೆನ್ನಿನಲ್ಲಿ ಮುತ್ತು ಪೋಣಿಸಿದಂತೆ ತುಂಬಿದರು.

“ನಾನು ಒಂದ್ ಸಲ ನೋಡ್ಲಾ ಪಪ್ಪಾ?” ಎಂದು ಸೌಮ್ಯಾ ಕೇಳಿದ್ದಳು.

“ನೀನು ಮೊದಲು ಕನ್ನಡ ಕಲಿ.”

ಪತ್ರಕ್ಕೆ ಇಬ್ಬರ ಸಹಿ ಬಿತ್ತು. ನೋಟರಿಯ ಮೊಹರು ಬಿತ್ತು. ಬಾಡಿಗೆದಾರರ ಮಾಹಿತಿಗೆಂದು ಒಂದು ನಕಲು ಪೊಲೀಸ್ ಠಾಣೆಗೂ ಹೋಯಿತು. ಹನ್ನೊಂದು ತಿಂಗಳ ಕರಾರು. ಈಗ ಹತ್ತನೆಯ ತಿಂಗಳು.

ಆ ಪತ್ರವನ್ನು ಸ್ಕೂಟರಿನ ಡಿಕ್ಕಿಯಲ್ಲಿಟ್ಟುಕೊಂಡು ಐತಾಳರು ಸೇತುವೆ ದಾಟಿ ಅಡಾಜಣ್ ತಲುಪಿದಾಗ ಹತ್ತೂಕಾಲು. ಭಾನುವಾರ. ಭರತೇಶ ಬಾಗಿಲು ತೆಗೆದ.

“ಬರ್ರಿ ಬರ್ರಿ ಅಂಕಲ್! ಎಂಥಾ ಬಿಸಿಲಾಗ ಬಂದೀರಿ! ಕುಂಡ್ರಿ. ಮಜ್ಜಿಗಿ ತರ್ತೀನ್ರಿ.”

ಚಹಾ ಕೊಟ್ಟರೆ ಬೇಡ ಅನ್ನುವುದೆಂದು ಐತಾಳರು ಸೇತುವೆಯ ಮೇಲೇ ತೀರ್ಮಾನಿಸಿದ್ದರು. ಮಜ್ಜಿಗೆಯ ಬಗ್ಗೆ ಏನೂ ತೀರ್ಮಾನಿಸಿರಲಿಲ್ಲ. ಎರಡು ಲೋಟ ಕುಡಿದರು. ಆಮೇಲೆ ಹುಬ್ಬು ಗಂಟಿಕ್ಕಿದರು.

“ಭರತೇಶ, ನಾನು ಇವತ್ತು ಮಜ್ಜಿಗೆ ಕುಡೀಲಿಕ್ಕೆ ಬಂದದ್ದಲ್ಲ.”

“ಗೊತ್ತೈತ್ರಿ ಅಂಕಲ್.”

“ಮೂರು ತಿಂಗಳಾಯಿತು.”

“ನಂಗೂ ಪಗಾರ ಆಗಿ ಮೂರು ತಿಂಗಳಾತ್ರಿ. ಮಿಲ್ಲಿನ ಶೇಟ್ ದಿನಾ ‘ಕಾಲೇ, ಕಾಲೇ’ ಅಂತಾನ್ರಿ. ಗುಜರಾತಿ ಒಳಗ ಕಾಲೇ ಅಂದ್ರ ನಾಳೆನೂ ಆಗ್ತೈತಂತ, ನಿನ್ನೆನೂ ಆಗ್ತೈತಂತ. ಅಂವ ಯಾವ್ದು ಅಂತಾನ ಅನ್ನೂದು ನಂಗ ಇನ್ನೂ ತಿಳಿದಿಲ್ರಿ.”

ಐತಾಳರಿಗೆ ನಗು ಬಂತು. ನಗಬಾರದು ಎಂದು ಕೆಮ್ಮಿದರು. ಈ ಹುಡುಗನ ಹತ್ತಿರ ಇದೇ ಕಷ್ಟ. ಒಂದು ಕೆಟ್ಟ ಮಾತಾಡಿದ್ದರೆ ಹೊರಗೆ ಹಾಕುವುದು ಎಷ್ಟು ಸುಲಭವಿತ್ತು! ‘ಭರತೇಶ, ನಾವಿರುವ ಮನೆ ಒಡೀತಾರೆ, ನಮಗೆ ಬೇರೆ ಜಾಗ ಇಲ್ಲ’ ಎಂಬ ಮಾತು ಗಂಟಲವರೆಗೆ ಬಂತು. ಆದರೆ ಮಾಲೀಕನಾದವನು ಬಾಡಿಗೆದಾರನ ಮುಂದೆ ಕೈ ಮುಗಿದು ನಿಲ್ಲುವುದುಂಟೇ? ಆ ಮಾತನ್ನು ಉಳಿದ ಮಜ್ಜಿಗೆಯ ಜೊತೆ ನುಂಗಿದರು.

“ಅದೆಲ್ಲ ನನಗೆ ಗೊತ್ತಿಲ್ಲ. ಎರಡು ವಾರದಲ್ಲಿ ಖಾಲಿ ಮಾಡಬೇಕು.”

“ಎಲ್ಲಿ ಹೋಗ್ಲಿರಿ? ಹೊಸಾ ಮನಿ ಅಂದ್ರ ಡಿಪಾಜಿಟ್ ಕೇಳ್ತಾರ್ರಿ. ಪಗಾರ ಬಂದ ದಿನಾನ ನಿಮ್ಮ ಕೈಯಾಗ ಇಡ್ತೀನ್ರಿ ಅಂಕಲ್, ಖರೇ ಹೇಳ್ತೀನಿ.”

“ಸಂಜೆ ಆರು ಗಂಟೆಗೆ ಕೆಳಗೆ ಸೊಸೈಟಿ ಆಫೀಸಿಗೆ ಬಾ. ಕಮಿಟಿ ಸೇರುತ್ತದೆ. ಇನ್ನು ನಾನು ಮಾತಾಡುವುದಿಲ್ಲ. ಕಾಗದ ಮಾತಾಡ್ತದೆ!”

ಈ ಮಾತು ಅವರಿಗೇ ಎಷ್ಟು ಹಿಡಿಸಿತೆಂದರೆ, ಲಿಫ್ಟಿನಲ್ಲಿ ಒಬ್ಬರೇ ಇಳಿಯುತ್ತಾ ಇನ್ನೊಮ್ಮೆ ಹೇಳಿಕೊಂಡರು.

ಸಂಜೆ ಮನೆಯವರೆಲ್ಲ ಆಟೋದಲ್ಲಿ ಹೊರಟರು. ಸರಸ್ವತಿಯವರು ಅಡುಗೆಮನೆ ಎಷ್ಟು ದೊಡ್ಡದಿದೆ ಎಂದು ಮತ್ತೊಮ್ಮೆ ನೋಡಬೇಕೆಂದರು. ಸೌಮ್ಯಾ ಅಪ್ಪನ ಭಾಷಣ ಕೇಳಬೇಕೆಂದಳು. ಅವಳು ಅದನ್ನು ಹೇಳಿದ ರೀತಿ ಐತಾಳರಿಗೆ ಹಿಡಿಸಲಿಲ್ಲ.

ಸೊಸೈಟಿ ಆಫೀಸು ಎಂದರೆ ಪಾರ್ಕಿಂಗ್ ಮೂಲೆಯ ಒಂದು ಕೋಣೆ. ಐದು ಜನರ ಕಮಿಟಿ. ಕಾರ್ಯದರ್ಶಿ ಚಂದ್ರಕಾಂತಭಾಯ್, ನಿವೃತ್ತ ಶಾಲಾ ಮಾಸ್ತರು. ಮೂವತ್ತೆರಡು ವರ್ಷ ಗುಜರಾತಿ ವ್ಯಾಕರಣ ಪಾಠ ಹೇಳಿದವರು. ಅವರೂ ಜೈನರು. ಸೂರ್ಯ ಮುಳುಗುವ ಮೊದಲು ಊಟ ಮುಗಿಸುವ ಭರತೇಶನನ್ನು ಅವರು ಕಟ್ಟಡದ ಉಳಿದ ಹುಡುಗರಿಗೆ ಉದಾಹರಣೆಯಾಗಿ ತೋರಿಸುತ್ತಿದ್ದರು.

“ಆವೋ, ಆವೋ ಪದಮ್‌ಭಾಯ್!” ಎಂದು ಐತಾಳರಿಗೆ ಕುರ್ಚಿ ಕೊಟ್ಟರು. ಸರಸ್ವತಿಯವರಿಗೂ ಒಂದು ಸಿಕ್ಕಿತು. ಸೌಮ್ಯಾ ಗೋಡೆಗೆ ಒರಗಿದಳು. ಭರತೇಶ ಬಾಗಿಲ ಹತ್ತಿರ ಕೈ ಕಟ್ಟಿ ನಿಂತ.

ಐತಾಳರು ಕೂರಲಿಲ್ಲ. ಭಾಷಣ ಕೂತು ಮಾಡುವಂಥದ್ದಲ್ಲ. ಕುರ್ಚಿಯ ಬೆನ್ನು ಹಿಡಿದು ಗುಜರಾತಿಯಲ್ಲಿ ಶುರು ಮಾಡಿದರು.

“ಮಹನೀಯರೇ! ಇಪ್ಪತ್ತಾರು ವರ್ಷದಿಂದ ನಾನು ಈ ಊರಿನ ನೀರು ಕುಡಿದಿದ್ದೇನೆ. ನಿಮ್ಮ ನಾಲಿಗೆಯ ರುಚಿಗಾಗಿ ನಾನು, ಕೋಟದ ಐತಾಳ, ಸಾಂಬಾರಿಗೆ ಬೆಲ್ಲ ಹಾಕಿದ್ದೇನೆ! ಇದಕ್ಕಿಂತ ದೊಡ್ಡ ತ್ಯಾಗ ಒಬ್ಬ ಉಡುಪಿ ಹೋಟೆಲಿನವನಿಂದ ಸಾಧ್ಯವಿಲ್ಲ. ನಾನು ಕೇಳುವುದು ನ್ಯಾಯ ಮಾತ್ರ. ಮನೆ ಒಬ್ಬನದು, ವಾಸ ಇನ್ನೊಬ್ಬನದು. ಬಾಡಿಗೆ ಕೊಡಬೇಕಾದವನು ಕೊಡುತ್ತಿಲ್ಲ. ಕರಾರುಪತ್ರ ಏನು ಹೇಳುತ್ತದೋ ಹಾಗೇ ಆಗಲಿ. ಒಂದಕ್ಷರ ಆಚೀಚೆ ಬೇಡ!”

ಇಬ್ಬರು ಸದಸ್ಯರು ಚಪ್ಪಾಳೆ ತಟ್ಟಿದರು. ಬೆಲ್ಲದ ಮಾತು ಅವರಿಗೆ ನಾಟಿತ್ತು. ಐತಾಳರು ಪತ್ರವನ್ನು ಎರಡೂ ಕೈಯಿಂದ ಮಾಸ್ತರಿಗೆ ಒಪ್ಪಿಸಿದರು.

ಚಂದ್ರಕಾಂತಭಾಯ್ ಕನ್ನಡಕ ಹಾಕಿಕೊಂಡು ಓದಿದರು. ಪುಟ ತಿರುಗಿಸಿದರು. ಮತ್ತೆ ಮೊದಲ ಪುಟಕ್ಕೆ ಬಂದರು. ಕನ್ನಡಕದ ಮೇಲಿಂದ ಐತಾಳರನ್ನು ನೋಡಿದರು.

“ಪದಮ್‌ಭಾಯ್, ಇದನ್ನು ಬರೆದವರು ಯಾರು?”

“ನಾನೇ!” ಐತಾಳರ ಎದೆ ಅಂಗಿಯ ಗುಂಡಿಗಳನ್ನು ಎಳೆಯಿತು. “ಒಂದೇ ಒಂದು ಕಾಟು ಹೊಡೆದಿಲ್ಲ, ನೋಡಿ ಬೇಕಾದರೆ.”

“ನೋಡಿದೆ. ಅಕ್ಷರ ಬಹಳ ಚೆನ್ನಾಗಿದೆ.”

“ಎಲ್ಲರೂ ಹಾಗೇ ಹೇಳುತ್ತಾರೆ.”

“ಹಾಗಾದರೆ ಹೇಳಿ. ಮೂರು ತಿಂಗಳಿಂದ ಈ ಹುಡುಗನಿಗೆ ನೀವು ಯಾಕೆ ಬಾಡಿಗೆ ಕೊಟ್ಟಿಲ್ಲ?”

ಐತಾಳರು ಬೆರಳನ್ನು ತಮ್ಮ ಎದೆಗೇ ತೋರಿಸಿಕೊಂಡರು.

“ನಾನು? ನಾನು ಕೊಡುವುದಾ? ಅವನು ನನಗೆ ಕೊಡಬೇಕು!”

“ಕಾಗದ ಹಾಗೆ ಹೇಳುವುದಿಲ್ಲವಲ್ಲ.” ಮಾಸ್ತರು ಗಟ್ಟಿಯಾಗಿ ಓದಿದರು. “ಭಾಡೆ ಆಪ್‌ನಾರ್, ಭರತೇಶ್ ಪಾಟೀಲ. ಭಾಡೆ ರಾಖ್‌ನಾರ್, ಪದ್ಮನಾಭ ಐತಾಳ.”

“ಸರಿಯಾಗಿಯೇ ಇದೆಯಲ್ಲ!” ಐತಾಳರು ನಿಟ್ಟುಸಿರು ಬಿಟ್ಟರು. ಈ ವಯಸ್ಸಿನಲ್ಲಿ ಮಾಸ್ತರಿಗೆ ಹೀಗಾಗಬಾರದಿತ್ತು ಎಂಬ ಕರುಣೆಯಿಂದ ಬಿಡಿಸಿ ಹೇಳತೊಡಗಿದರು. “ಆಪ್‌ನಾರ್ ಅಂದರೆ ಕೊಡುವವನು. ಬಾಡಿಗೆ ಕೊಡುವವನು ಯಾರು? ಅವನು! ರಾಖ್‌ನಾರ್ ಅಂದರೆ ಇಟ್ಟುಕೊಳ್ಳುವವನು. ಬಾಡಿಗೆ ಇಟ್ಟುಕೊಳ್ಳುವವನು ಯಾರು? ನಾನು!” ಎಂದು ತಮ್ಮ ಜೇಬನ್ನು ತಟ್ಟಿ ತೋರಿಸಿದರು.

ಮೊದಲು ನಕ್ಕವರು ಯಾರು ಎಂಬುದು ಆಮೇಲೆ ಯಾರಿಗೂ ನೆನಪಿರಲಿಲ್ಲ. ಮಾಸ್ತರು ಮಾತ್ರ ನಗಲಿಲ್ಲ. ಗೋಡೆಗೆ ಒರಗಿದ್ದ ಸೌಮ್ಯಾಳ ಕಡೆ ತಿರುಗಿದರು.

“ದೀಕರಿ, ಮಗಳೇ, ನಿನ್ನ ಅಪ್ಪನಿಗೆ ನಿಮ್ಮ ಭಾಷೆಯಲ್ಲೇ ಹೇಳಮ್ಮ. ನನ್ನ ಭಾಷೆ ಅವರಿಗೆ ಚೆನ್ನಾಗಿ ಗೊತ್ತು ಅಂತ ಅವರು ತಿಳಿದಿದ್ದಾರೆ.”

ಸೌಮ್ಯಾ ಅಪ್ಪನ ಹತ್ತಿರ ಬಂದಳು. ಪತ್ರದ ಮೇಲೆ ಬೆರಳಿಟ್ಟಳು.

“ಪಪ್ಪಾ, ದುಡ್ಡು ಇದೆಯಲ್ಲ, ಅದು ‘ಭಾಡುಂ’. ಬಾಡಿಗೆ. ಇಲ್ಲಿ ಇರೋದು ‘ಭಾಡೆ’. ಅಂದ್ರೆ ಬಾಡಿಗೆಗೆ. ಮನೆಯನ್ನ ಬಾಡಿಗೆಗೆ ಕೊಡುವವನು, ಮಾಲಿಕ್. ಮನೆಯನ್ನ ಬಾಡಿಗೆಗೆ ಇಟ್ಕೊಳ್ಳುವವನು, ಬಾಡಿಗೆದಾರ.” ಆಮೇಲೆ ತಡೆಯಲಾಗದೆ ಹೇಳಿದಳು: “ನೀವು ‘ಗೆ’ ನುಂಗಿದ್ರಿ.”

ಐತಾಳರು ಪತ್ರ ನೋಡಿದರು. ಬಾಡಿಗೆ ಕೊಡುವವನು. ಬಾಡಿಗೆಗೆ ಕೊಡುವವನು. ತುಟಿಯಲ್ಲೇ ಎರಡು ಮೂರು ಸಲ ಅಂದುಕೊಂಡು ನೋಡಿದರು. ಒಂದು ‘ಗೆ’ ಸೇರಿದರೆ ಮಾಲೀಕ, ಬಿಟ್ಟರೆ ಬಾಡಿಗೆದಾರ. ಒಂಬತ್ತು ತಿಂಗಳು ಅವರು ತಮ್ಮದೇ ಫ್ಲ್ಯಾಟಿನಲ್ಲಿ ಭರತೇಶನ ಬಾಡಿಗೆದಾರರಾಗಿದ್ದರು. ನೋಟರಿಯ ಮೊಹರು ಸಹಿತ! ಪೊಲೀಸ್ ಠಾಣೆಯ ಕಡತದಲ್ಲಿಯೂ!

ಮಾಸ್ತರು ಮುಂದೆ ಓದಿದರು. ನಾಲ್ಕನೇ ಕಲಮು: ಬಾಡಿಗೆದಾರನು ಎರಡು ತಿಂಗಳು ಬಾಡಿಗೆ ಬಾಕಿ ಇಟ್ಟರೆ ಹದಿನೈದು ದಿನದೊಳಗೆ ಮನೆ ಖಾಲಿ ಮಾಡತಕ್ಕದ್ದು. ಅದರ ಕೆಳಗೆ ಐತಾಳರು ಸ್ವತಃ ಕೆಂಪು ಪೆನ್ನಿನಲ್ಲಿ ಎರಡು ಗೆರೆ ಎಳೆದಿದ್ದರು.

“ಇನ್ನೊಂದು ವಿಷಯ,” ಎಂದರು ಮಾಸ್ತರು. “ಮೊದಲ ಆರು ತಿಂಗಳು ಮಾಲೀಕನೇ ಬಾಡಿಗೆದಾರನಿಗೆ ಬಾಡಿಗೆ ಕೊಟ್ಟಿದ್ದಾನೆ. ಇಂಥ ಮಾಲೀಕನನ್ನು ನಾನು ಇದುವರೆಗೆ ಕಂಡಿಲ್ಲ.”

“ಆದರೆ ಫ್ಲ್ಯಾಟು ನನ್ನದು!”

“ಫ್ಲ್ಯಾಟು ನಿಮ್ಮದೇ ಪದಮ್‌ಭಾಯ್, ಅದರಲ್ಲಿ ಅನುಮಾನವಿಲ್ಲ. ಆದರೆ ಈ ಕಾಗದ ಹಿಡಿದುಕೊಂಡು ನೀವು ಯಾರನ್ನೂ ಹೊರಗೆ ಹಾಕಲಾಗದು. ನಿಮ್ಮೊಬ್ಬರನ್ನು ಬಿಟ್ಟು.”

ಪತ್ರ ರದ್ದಾಗಬೇಕಾದರೆ ಇಬ್ಬರೂ ಸಹಿ ಹಾಕಬೇಕು. ಭರತೇಶ ಸಹಿ ಹಾಕದಿದ್ದರೆ ಕೋರ್ಟು, ವಕೀಲರು, ತಾರೀಕು. ಅವತ್ತು ಮೇ ಹದಿನೇಳು. ನಾನ್‌ಪುರಾದ ಕಟ್ಟಡಕ್ಕೆ ಉಳಿದದ್ದು ಎರಡು ವಾರ.

ಅಷ್ಟರಲ್ಲಿ ಸದಸ್ಯರೊಬ್ಬರು ಎದ್ದು, ಐತಾಳರು ಹಿಡಿದು ನಿಂತಿದ್ದ ಕುರ್ಚಿಯನ್ನು ಮೆಲ್ಲಗೆ ಬಿಡಿಸಿಕೊಂಡು, ಬಾಗಿಲ ಹತ್ತಿರ ಒಯ್ದು ಇಟ್ಟರು. “ಬೇಸೋ, ಬೇಸೋ ಭರತೇಶ್‌ಭಾಯ್.”

ಭರತೇಶ ಗಾಬರಿಯಾಗಿ ಕೂತ. ತಕ್ಷಣ ಎದ್ದ.

“ಅಂಕಲ್, ನಂಗೂ ಗುಜರಾತಿ ಓದಾಕ ಬರಂಗಿಲ್ರಿ. ಅಲ್ಲಿ ಸಹಿ ಹಾಕು ಅಂದ್ರಿ, ಹಾಕಿದೆ. ದೇವ್ರಾಣಿ, ನಾ ಏನೂ ಮಾಡಿಲ್ರಿ.”

“ಹಾಗಾದರೆ ಇಲ್ಲಿಯೂ ಹಾಕು,” ಎಂದರು ಐತಾಳರು. ಗತ್ತು ಇನ್ನೂ ಇತ್ತು. ದನಿ ಮಾತ್ರ ಜೊತೆಗೆ ಬರಲಿಲ್ಲ.

“ಹಾಕ್ತೀನ್ರಿ. ನಾಳೇನ ಹಾಕ್ತೀನ್ರಿ. ಆದ್ರ ಹಾಕಿದ ಮರುದಿವಸ ನೀವು ನನ್ನ ಹೊರಗ ಹಾಕ್ತೀರಿ. ಈ ಊರಾಗ ನಂಗ ಯಾರೂ ಇಲ್ರಿ ಅಂಕಲ್. ಪಗಾರ ಬಿಟ್ಟು ಊರಿಗೆ ಹ್ವಾದ್ರ ಆ ಶೇಟ್ ಮೂರು ತಿಂಗಳದ್ದೂ ಮುಳುಗಿಸ್ತಾನ್ರಿ.”

ಕನ್ನಡ ಬಾರದ ಕಮಿಟಿಯವರಿಗೂ ಆ ಹುಡುಗ ಏನು ಹೇಳಿದನೆಂದು ತಿಳಿಯಿತು. ಐತಾಳರು ಫ್ಯಾನಿನ ಕಡೆ ನೋಡಿದರು. ಆಗ ಇಲ್ಲಿಯವರೆಗೆ ಒಂದು ಮಾತೂ ಆಡದಿದ್ದ ಸರಸ್ವತಿಯವರು ಕುರ್ಚಿಯನ್ನು ಸ್ವಲ್ಪ ಮುಂದಕ್ಕೆ ಎಳೆದುಕೊಂಡರು.

“ಮಗಾ, ಇಲ್ಲಿ ಕೇಳು. ನಾವು ಸುಮ್ಮನೆ ಖಾಲಿ ಮಾಡು ಅಂತ ಹೇಳುವುದಲ್ಲ. ನಾವಿರುವ ಮನೆಯನ್ನು ಮೂವತ್ತೊಂದಕ್ಕೆ ಒಡೀತಾರೆ. ನಮಗೂ ಬೇರೆ ಜಾಗ ಇಲ್ಲ. ಇವರು ನಿನ್ನ ಹತ್ತಿರ ಹೇಳಲಿಲ್ಲವಾ?”

“ಇಲ್ರಿ ಆಂಟಿ!”

“ನಾಲ್ಕು ಸಲ ಬಂದರಲ್ಲ?”

“ನಳದ ಬಗ್ಗೆ ಕೇಳಿದ್ರು. ಜ್ವರದ ಬಗ್ಗೆ ಕೇಳಿದ್ರು. ಮುಂಜಾನೆ ಕಾಗದ ಮಾತಾಡ್ತೈತಿ ಅಂದ್ರು. ಇದೊಂದನ್ನ ಹೇಳ್ಲಿಲ್ರಿ.”

“ಮಾಲೀಕನಾದವನು ಅದನ್ನೆಲ್ಲ ಬಾಡಿಗೆದಾರನ ಹತ್ತಿರ ಹೇಳಿಕೊಂಡು ತಿರುಗುವುದಾ?” ಎಂದರು ಐತಾಳರು, ಫ್ಯಾನಿಗೆ.

“ಯಾರು ಮಾಲೀಕ?” ಎಂದರು ಸರಸ್ವತಿ.

ಭರತೇಶ ತಲೆ ತುರಿಸಿಕೊಂಡ. “ಆಂಟಿ, ಹಿಂಗ ಅಂತ ಮೊದಲ ಹೇಳಿದ್ರ ಆಗ್ತಿತ್ತಲ್ರಿ. ಎರಡು ಖೋಲಿ ಅದಾವು. ನಂಗ ಹಿಂದಿಂದೊಂದು ಸಾಕು. ಪಗಾರ ಬರೂ ತನಕ ಇರ್ತೀನಿ, ಬಂದಕೂಡ್ಲೇ ಕೊಡೂದು ಕೊಟ್ಟು ಬ್ಯಾರೆ ಕಡೆ ನೋಡ್ತೀನಿ. ನೀವು ನಾಳೇನ ಬರ್ರಿ ಬೇಕಾದ್ರ. ಆದ್ರ ಒಂದ ಮಾತು.” ಸಂಕೋಚದಿಂದ ನಿಲ್ಲಿಸಿದ.

“ಹೇಳು ಮಗಾ.”

“ಮನ್ಯಾಗ ಉಳ್ಳಾಗಡ್ಡಿ ಬ್ಯಾಡ್ರಿ.”

“ನನ್ನ ಮನೆಯಲ್ಲಿ ಈರುಳ್ಳಿ ಹಾಕಬಾರದು ಅಂತ ಇವನು...!” ಐತಾಳರು ಗುಡುಗಿದರು. ಸರಸ್ವತಿಯವರು ಒಮ್ಮೆ ನೋಡಿದರು. ಗುಡುಗು ಅಲ್ಲಿಗೇ ನಿಂತಿತು.

ಮಾತುಕತೆಯನ್ನು ಸೌಮ್ಯಾ ಗುಜರಾತಿಯಲ್ಲಿ ಕಮಿಟಿಗೆ ತಿಳಿಸಿದಳು. ಎಲ್ಲರಿಗೂ ಸಮಾಧಾನವಾಯಿತು. ಆದರೆ ಸೊಸೈಟಿಗೊಂದು ನಿಯಮವಿತ್ತು. ಹೊಸದಾಗಿ ವಾಸಕ್ಕೆ ಬರುವ ಯಾವುದೇ ಕುಟುಂಬವನ್ನು ಕಮಿಟಿ ಪ್ರಶ್ನೆ ಕೇಳಿಯೇ ಒಳಗೆ ಬಿಡುವುದು. ಮಾಸ್ತರು ದಪ್ಪ ರಿಜಿಸ್ಟರು ತೆಗೆದರು. ಐತಾಳರು ಅದರ ಮುಂದೆ ನಿಂತರು. ಕುರ್ಚಿ ಹೇಗೂ ಇರಲಿಲ್ಲ.

“ಮನೆಯಲ್ಲಿ ಎಷ್ಟು ಜನ?”

“ಮೂವರು. ನಿಮಗೆ ಗೊತ್ತಲ್ಲ ಚಂದ್ರಕಾಂತಭಾಯ್, ನಾನು...”

“ಉದ್ಯೋಗ?”

“ಹೋಟೆಲು. ನೀವೇ ಪ್ರತಿ ಗುರುವಾರ ಅಲ್ಲಿಗೆ ಬಂದು ಇಡ್ಲಿ...”

“ಮೊಟ್ಟೆ?”

“ಶಿವ ಶಿವಾ! ಇಲ್ಲ.”

“ರಾತ್ರಿ ಹತ್ತರ ಮೇಲೆ ಗಲಾಟೆ?”

ಐತಾಳರು ತಡವರಿಸಿದರು. “ನಮ್ಮ ಕಡೆಯಿಂದ ಇಲ್ಲ,” ಎಂದು ಸರಸ್ವತಿಯವರು ಹಿಂದಿಯಲ್ಲಿ ಉತ್ತರಿಸಿದರು. “ಇವರ ಕಡೆಯದನ್ನು ನಾನು ನೋಡಿಕೊಳ್ಳುತ್ತೇನೆ.”

“ಪರಿಚಿತರೊಬ್ಬರ ಶಿಫಾರಸು ಬೇಕು,” ಎಂದು ಮಾಸ್ತರು ಕೊನೆಯ ಕಲಮಿಗೆ ಬಂದರು. “ಈ ಕಟ್ಟಡದಲ್ಲಿ ವಾಸವಿರುವವರದ್ದೇ ಆಗಬೇಕು.”

ಎಲ್ಲರೂ ಭರತೇಶನ ಕಡೆ ನೋಡಿದರು. ಅವನು ಐತಾಳರನ್ನು ತಲೆಯಿಂದ ಕಾಲಿನವರೆಗೆ ಒಮ್ಮೆ ನೋಡಿ, ತನ್ನ ಹಿಂದಿಯಲ್ಲಿ ಗಂಭೀರವಾಗಿ ಹೇಳಿದ: “ಒಳ್ಳೆಯ ಜನ. ನನಗೆ ಜ್ವರ ಬಂದಾಗ ಗಂಜಿ ಕಳಿಸಿದ್ದಾರೆ. ಇವರಿಗೆ ನಾನು ಜವಾಬ್ದಾರ.”

ಮಾಸ್ತರು ‘ಮಂಜೂರು’ ಎಂದು ಬರೆದರು. ಇಪ್ಪತ್ತಾರು ವರ್ಷ ಸೂರತ್ತಿನಲ್ಲಿ ದುಡಿದು ಕೊಂಡ ಫ್ಲ್ಯಾಟಿನಲ್ಲಿ ವಾಸ ಮಾಡಲು ಐತಾಳರಿಗೆ ಹೀಗೆ ಅನುಮತಿ ಸಿಕ್ಕಿತು. ಅವರು ಎಲ್ಲರಿಗೂ ಕೈ ಮುಗಿದರು. ಭರತೇಶನ ಮುಂದೆ ಬಂದಾಗಲೂ ಮುಗಿದ ಕೈ ಹಾಗೇ ಇತ್ತು. ಅವನು ಬಗ್ಗಿ ಕಾಲಿಗೆ ನಮಸ್ಕಾರ ಮಾಡಿದ.

ವಾಪಸು ಬರುವಾಗ ಸೇತುವೆಯ ಅರ್ಧದವರೆಗೆ ಐತಾಳರು ಆಟೋದಲ್ಲಿ ಬೆನ್ನು ಬಾಗಿಸಿ ಕೂತಿದ್ದರು. ಅರ್ಧ ದಾಟಿದ ಮೇಲೆ ಐತಾಳರ ಬೆನ್ನು ಮೆಲ್ಲಗೆ ನೆಟ್ಟಗಾಯಿತು.

“ಏನೇ ಹೇಳು ಸರಸ್ವತಿ, ಕೆಲಸ ಆಯಿತಲ್ಲ? ಮೂವತ್ತೊಂದರೊಳಗೆ ಮನೆ ಬೇಕಿತ್ತು, ಸಿಕ್ಕಿತು. ಕೋರ್ಟಿಲ್ಲ, ವಕೀಲರಿಲ್ಲ. ನಾನು ಆ ಪತ್ರವನ್ನು ಹಾಗೆ ಬರೆಯದಿದ್ದರೆ ಈ ವಿಷಯ ಇಷ್ಟು ಬೇಗ ಇತ್ಯರ್ಥ ಆಗ್ತಿತ್ತಾ? ಯೋಚಿಸಿ ನೋಡು!”

“ಯೋಚಿಸಿದೆ,” ಎಂದರು ಸರಸ್ವತಿ. “ಈ ಊರಿನಲ್ಲಿ ಇಂಥ ಮಾಲೀಕ ಸಿಗುವುದು ನಮ್ಮ ಪುಣ್ಯ. ಮೂರು ತಿಂಗಳಾಯಿತು, ಒಂದು ದಿನವಾದರೂ ಬಂದು ಬಾಡಿಗೆ ಕೇಳಲಿಲ್ಲ!”

ಆಟೋದವನಿಗೆ ಕನ್ನಡ ಬರುತ್ತಿರಲಿಲ್ಲ. ಸೌಮ್ಯಾ ಯಾಕೆ ಅಷ್ಟು ನಗುತ್ತಿದ್ದಾಳೆಂದು ಅವನು ಕನ್ನಡಿಯಲ್ಲಿ ಎರಡು ಸಲ ನೋಡಿದ.

ಹಳೆಯ ಪತ್ರ ಬುಧವಾರ ರದ್ದಾಗುತ್ತದೆ. ಹೊಸದನ್ನು ಸೌಮ್ಯಾ ಬರೆಯುತ್ತಾಳೆ, ಮಾಸ್ತರು ಗಟ್ಟಿಯಾಗಿ ಓದಿ ಹೇಳಿದ ಮೇಲೆ ಐತಾಳರು ಸಹಿ ಹಾಕುತ್ತಾರೆ. ಸಾಮಾನಿನ ಟೆಂಪೋ ಶನಿವಾರ, ಮೇ ಮೂವತ್ತರಂದು ಬೆಳಿಗ್ಗೆ ಏಳಕ್ಕೆ ನಾನ್‌ಪುರಾ ಬಿಡುತ್ತದೆ. ಆ ಹೊತ್ತಿಗೆ ಅಡಾಜಣ್‌ನಲ್ಲಿ ಬಾಗಿಲು ತೆಗೆಯಲು ಭರತೇಶ ಮಿಲ್ಲಿಗೆ ಅರ್ಧ ದಿನ ರಜೆ ಹಾಕಿದ್ದಾನೆ.